ಸೇಡಂ–ಚಿತ್ತಾಪುರ–ಚಿಂಚೋಳಿ ಸೀಮೆಯ ಶಿಕ್ಷಣ: ನಿಜಾಮ ಪ್ರಭುತ್ವ ಮತ್ತು ಅದರ ನಂತರ

ಇಂದಿನ ಕಲಬುರಗಿ ಜಿಲ್ಲೆಯ ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ ಮತ್ತು ಚಂದ್ರಂಪಳ್ಳಿಯನ್ನೊಳಗೊಂಡ ಚಿಂಚೋಳಿ ಸೀಮೆ 1948ರವರೆಗೆ ಹೈದರಾಬಾದ್ ಸಂಸ್ಥಾನಕ್ಕೆ ಸೇರಿತ್ತು. ಆ ಪ್ರಭುತ್ವ ಬಿದ್ದ ಮೇಲೆ ಇಲ್ಲಿ ಕಲಿಕೆಯ ಭಾಷೆ ಬಹುಬೇಗ ಬದಲಾಯಿತು. ಉನ್ನತ ಶಿಕ್ಷಣ ಕೈಗೆಟುಕಲು ಮಾತ್ರ ದಶಕಗಳು ಹಿಡಿದವು.

ಪೂರ್ವ ಇತಿಹಾಸ

ಚಿತ್ತಾಪುರದ ಬಳಿಯ ನಾಗಾವಿಯಲ್ಲಿ ಕಲ್ಯಾಣ ಚಾಲುಕ್ಯರ ಕಾಲದ ಘಟಿಕಾಸ್ಥಾನವಿತ್ತು. 1058ರ ಶಾಸನದ ಪ್ರಕಾರ ಅಲ್ಲಿ ವೇದ ಕಲಿಯುವ 200 ವಿದ್ಯಾರ್ಥಿಗಳು, ಶಾಸ್ತ್ರ ಕಲಿಯುವ 52 ವಿದ್ಯಾರ್ಥಿಗಳಿದ್ದರು. ಗ್ರಂಥಭಂಡಾರ ನೋಡಿಕೊಳ್ಳಲೆಂದೇ ಆರು ಮಂದಿ ಸರಸ್ವತೀ ಭಂಡಾರಿಗರಿದ್ದರು.

ನಿಜಾಮರ ಕಾಲ

1880ರ ದಶಕದಲ್ಲಿ ಪಾರಸಿಯ ಬದಲು ಉರ್ದು ಆಡಳಿತ ಭಾಷೆಯಾಯಿತು. ಪ್ರಜೆಗಳಲ್ಲಿ ಹೆಚ್ಚಿನವರ ಮನೆಮಾತು ತೆಲುಗು, ಮರಾಠಿ ಅಥವಾ ಕನ್ನಡವಾಗಿದ್ದರೂ ಕಚೇರಿ, ಕೋರ್ಟು, ಮೇಲಿನ ತರಗತಿಗಳೆಲ್ಲ ಉರ್ದುವಿನಲ್ಲೇ ನಡೆದವು. ಏಳನೆಯ ನಿಜಾಮ ಮೀರ್ ಉಸ್ಮಾನ್ ಅಲಿ ಖಾನ್ 1917ರಲ್ಲಿ ಹೊರಡಿಸಿದ ಫರ್ಮಾನಿನಂತೆ 1918ರಲ್ಲಿ ಉಸ್ಮಾನಿಯಾ ವಿಶ್ವವಿದ್ಯಾಲಯ ಸ್ಥಾಪನೆಯಾಯಿತು. ಭಾರತೀಯ ಭಾಷೆಯೊಂದರಲ್ಲಿ ಪದವಿ ಪಾಠ ನಡೆಸಿದ ದೇಶದ ಮೊದಲ ವಿಶ್ವವಿದ್ಯಾಲಯ ಇದು. ಪಠ್ಯಗಳನ್ನು ಉರ್ದುವಿಗೆ ತರಲು 'ದಾರುಲ್ ತರ್ಜುಮಾ' ಎಂಬ ಅನುವಾದ ಸಂಸ್ಥೆಯೂ ಇತ್ತು. ಇಂಗ್ಲಿಷಿನ ಹಿಡಿತ ಬಿಡಿಸಿದ ಈ ಪ್ರಯೋಗ ಕನ್ನಡ ಮಕ್ಕಳಿಗೆ ಇನ್ನೊಂದು ಪರಭಾಷೆಯ ಹೊರೆಯಾಯಿತು.

ಗುಲ್ಬರ್ಗದಲ್ಲಿ ಇಂಟರ್‌ಮೀಡಿಯೆಟ್ ಕಾಲೇಜಿತ್ತು; ಅದರಾಚೆ ಓದಬೇಕಾದರೆ ಹೈದರಾಬಾದೇ ಗತಿ. ವಾಡಿಯಿಂದ ಚಿತ್ತಾಪುರ, ಸೇಡಂ ಮೂಲಕ ಹಾದುಹೋಗುವ, 1874ರಲ್ಲಿ ಆರಂಭವಾದ ರೈಲು ಮಾರ್ಗ ಆ ಊರುಗಳವರಿಗೆ ಅನುಕೂಲವಾಗಿತ್ತು. ಚಿಂಚೋಳಿಗೆ ಆ ಭಾಗ್ಯವಿರಲಿಲ್ಲ. ಕನ್ನಡ ಕಲಿಕೆಯನ್ನು ಉಳಿಸಿದ್ದು ಬಹುಮಟ್ಟಿಗೆ ಮಠಗಳು ಮತ್ತು 1907ರಲ್ಲಿ ಗುಲ್ಬರ್ಗದಲ್ಲಿ ಆರಂಭವಾದ ನೂತನ ವಿದ್ಯಾಲಯದಂಥ ಖಾಸಗಿ ಸಂಸ್ಥೆಗಳು. 1938ರಲ್ಲಿ 'ವಂದೇ ಮಾತರಂ' ಹಾಡಿದ್ದಕ್ಕೆ ಉಸ್ಮಾನಿಯಾದಿಂದ ಹೊರಹಾಕಲ್ಪಟ್ಟ ವಿದ್ಯಾರ್ಥಿಗಳಲ್ಲಿ ಅನೇಕರು ನಾಗಪುರ ವಿಶ್ವವಿದ್ಯಾಲಯ ಸೇರಿ ಓದು ಮುಗಿಸಿದರು.

ಪತನಾನಂತರದ ಬದಲಾವಣೆ

1948ರ ಸೆಪ್ಟೆಂಬರ್ 13ರಿಂದ 17ರವರೆಗೆ ನಡೆದ ಪೊಲೀಸ್ ಕಾರ್ಯಾಚರಣೆಯಿಂದ ನಿಜಾಮರ ಆಳ್ವಿಕೆ ಕೊನೆಗೊಂಡಿತು. ಅದರ ಬೆನ್ನಲ್ಲೇ ಉಸ್ಮಾನಿಯಾದಲ್ಲಿ ಉರ್ದುವಿನ ಜಾಗಕ್ಕೆ ಇಂಗ್ಲಿಷ್ ಬಂತು. ಈ ಸೀಮೆಯಲ್ಲಿ ಕನ್ನಡಕ್ಕೆ ಶಾಲೆಯ ಬಾಗಿಲು ತೆರೆಯಿತಾದರೂ ವಿಜ್ಞಾನ, ವೈದ್ಯಕೀಯ, ಎಂಜಿನಿಯರಿಂಗ್ ಇಂಗ್ಲಿಷಿಗೇ ಉಳಿದವು. ಉರ್ದುವಿನಲ್ಲಿ ಮೆಟ್ರಿಕ್ ಮುಗಿಸಿದ್ದವರು ಕಾಲೇಜಿನಲ್ಲಿ ಮತ್ತೊಮ್ಮೆ ಭಾಷೆ ಬದಲಿಸಬೇಕಾಯಿತು.

1956ರ ನವೆಂಬರ್ 1ರಂದು ಈ ಸೀಮೆ ಮೈಸೂರು ರಾಜ್ಯಕ್ಕೆ ಸೇರಿತು. ಕಾಲೇಜುಗಳು ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯದ ಅಧೀನಕ್ಕೆ ಬಂದವು. ಸೇಡಂನವರಿಗೆ ಧಾರವಾಡ ಹೈದರಾಬಾದಿಗಿಂತ ಎರಡು ಪಟ್ಟಿಗೂ ಹೆಚ್ಚು ದೂರ. ಈ ಕೊರತೆಯನ್ನು ಮೊದಲು ತುಂಬತೊಡಗಿದ್ದು ಮಹಾದೇವಪ್ಪ ರಾಂಪುರೆ 1958ರಲ್ಲಿ ಕಟ್ಟಿದ ಹೈದರಾಬಾದ್ ಕರ್ನಾಟಕ ಶಿಕ್ಷಣ ಸಂಸ್ಥೆ. ಅದೇ ವರ್ಷ ಎಂಜಿನಿಯರಿಂಗ್ ಕಾಲೇಜು, 1963ರಲ್ಲಿ ವೈದ್ಯಕೀಯ ಕಾಲೇಜು ಶುರುವಾದವು. 1970ರಲ್ಲಿ ಗುಲ್ಬರ್ಗಕ್ಕೆ ಸ್ನಾತಕೋತ್ತರ ಕೇಂದ್ರ ಬಂತು. 1980ರಲ್ಲಿ ಅದು ಗುಲ್ಬರ್ಗ ವಿಶ್ವವಿದ್ಯಾಲಯವಾಯಿತು. 2009ರಲ್ಲಿ ಕೇಂದ್ರೀಯ ವಿಶ್ವವಿದ್ಯಾಲಯ ಆರಂಭವಾಗಿ, ಆಳಂದ ತಾಲ್ಲೂಕಿನ ಕಡಗಂಚಿಯಲ್ಲಿ ನೆಲೆಗೊಂಡಿತು.

ಅಸಮತೋಲನ ಮತ್ತು 371(ಜೆ)

ಇಷ್ಟಾದರೂ ಡಿ.ಎಂ. ನಂಜುಂಡಪ್ಪ ಸಮಿತಿಯ 2002ರ ವರದಿ ಸೇಡಂ, ಚಿತ್ತಾಪುರ, ಚಿಂಚೋಳಿ ಮೂರನ್ನೂ 'ಅತ್ಯಂತ ಹಿಂದುಳಿದ' ತಾಲ್ಲೂಕುಗಳ ಪಟ್ಟಿಗೆ ಸೇರಿಸಿತು. ಸಂವಿಧಾನದ 98ನೆಯ ತಿದ್ದುಪಡಿಯಿಂದ ಬಂದ 371(ಜೆ) ವಿಧಿಯಡಿ, 2013ರಿಂದ ಈ ಭಾಗದ ಉನ್ನತ ಶಿಕ್ಷಣ ಸಂಸ್ಥೆಗಳಲ್ಲಿ ಸ್ಥಳೀಯರಿಗೆ ಶೇ. 70, ರಾಜ್ಯದ ಉಳಿದೆಡೆ ಶೇ. 8 ಸೀಟುಗಳ ಮೀಸಲಾತಿ ಜಾರಿಯಾಯಿತು. ಸ್ಥಳೀಯರಿಗೆ ಆದ್ಯತೆ ಎಂಬ ತತ್ವ ಇಲ್ಲಿಗೆ ಹೊಸದಲ್ಲ: ಸರ್ಕಾರಿ ನೌಕರಿಗೆ ಸಂಸ್ಥಾನದವರನ್ನೇ ತೆಗೆದುಕೊಳ್ಳಬೇಕೆಂಬ ಮುಲ್ಕಿ ನಿಯಮ 1919ರಲ್ಲೇ ಇತ್ತು. ಆದರೆ ಉರ್ದು ಓದಿದ ಮುಲ್ಕಿಗಳಿಗಷ್ಟೇ ಅದರ ಫಲ ಸಿಕ್ಕಿತು. 371(ಜೆ) ಕನ್ನಡ ಶಾಲೆಯಲ್ಲಿ ಓದಿದವರಿಗೂ ಸೀಟು ಕೊಡುತ್ತದೆ, ಸೀಟು ಸಿಕ್ಕ ಮೇಲೆ ಇಂಗ್ಲಿಷ್ ಪಾಠ ದಕ್ಕಿಸಿಕೊಳ್ಳುವುದು ಅವರ ಪಾಲಿಗೇ ಉಳಿದಿದೆ.