ಗಾಳಿಗಿರಣಿಯವರ ಗಿಲ್ಡ್, ನೀರಿನವರ ಸರ್ಕಾರ

ನೆದರ್‌ಲ್ಯಾಂಡ್ಸಿನಲ್ಲಿ ಮನೆ ಹೂಡಿದ ಕನ್ನಡಿಗರಿಗೆ ಹೆಚ್ಚುಕಡಿಮೆ ಮೊದಲ ವರ್ಷವೇ ಒಂದು ಲಕೋಟೆ ಬರುತ್ತದೆ. ವಾಟರ್‌ಸ್ಖಾಪ್ ಎಂಬ ಕಚೇರಿಯ ತೆರಿಗೆ ಬಿಲ್ಲು. ನಗರಸಭೆಗೆ ಕಟ್ಟಿಯಾಯಿತು, ನಲ್ಲಿ ನೀರಿನ ಕಂಪನಿಗೂ ಕಟ್ಟಿಯಾಯಿತು, ಇದ್ಯಾವುದಪ್ಪ ಮೂರನೆಯದು ಎಂದು ಗೊಣಗದವರು ಕಡಿಮೆ. ಆದರೆ ನಾವು ಬಂದಿಳಿದ ಸ್ಕಿಪೋಲ್ ವಿಮಾನ ನಿಲ್ದಾಣವೇ ಒಂದು ಕಾಲಕ್ಕೆ ಸರೋವರದ ತಳ. ಅದು ಇರುವುದು ಸಮುದ್ರಮಟ್ಟಕ್ಕಿಂತ ಸುಮಾರು 3 ಮೀಟರ್ ಕೆಳಗೆ. ಆ ನೆಲ ಇವತ್ತಿಗೂ ಒಣಗಿರುವುದು ಇಂಥ ಬಿಲ್ಲುಗಳ ದುಡ್ಡಿನಿಂದ.

ಗಾಳಿಯನ್ನು ಪಳಗಿಸಿದ ಮಾಂತ್ರಿಕರು ತೇಲುವ ದ್ವೀಪಗಳನ್ನು ಆಳುವ ಕತೆಗಳನ್ನು ನಮ್ಮ ಮಕ್ಕಳು ಬಾಯಿ ಬಿಟ್ಟುಕೊಂಡು ಓದುತ್ತಾರೆ. ಈ ದೇಶದಲ್ಲಿ ಅದಕ್ಕೆ ಹತ್ತಿರದ್ದೊಂದು ನಿಜವಾಗಿಯೇ ನಡೆದಿದೆ. ಮಂತ್ರ ಮಾತ್ರ ಇರಲಿಲ್ಲ. ಮರದ ಹಲ್ಲುಚಕ್ರ, ಕ್ಯಾನ್ವಾಸ್ ಬಟ್ಟೆ ಮತ್ತು ವಿಪರೀತ ಶಿಸ್ತು ಇದ್ದವು.

ಶಿಸ್ತಿನಿಂದಲೇ ಶುರುಮಾಡೋಣ. ವಾಟರ್‌ಸ್ಖಾಪ್ ಎಂಬ ನೀರಿನ ಈ ಸ್ಥಳೀಯ ಸರ್ಕಾರಗಳು 13ನೇ ಶತಮಾನದಷ್ಟು ಹಳೆಯವು, ಇಂದಿನ ಡಚ್ ರಾಜಮನೆತನದ ಸಿಂಹಾಸನಕ್ಕಿಂತ ಎಷ್ಟೋ ಹಿರಿಯವು. ಲೈಡನ್ ಸುತ್ತಲಿನ ರೈನ್‌ಲಾಂಡ್ ಅಂಥದೊಂದು. ಜಮೀನಿದ್ದವನು ತನ್ನ ಪಾಲಿನ ಒಡ್ಡನ್ನು ತಾನೇ ಕಾಯಬೇಕು. ಕೈಲಾಗದಿದ್ದರೆ ಒಡ್ಡಿನ ಮೇಲೆ ಗುದ್ದಲಿ ನೆಟ್ಟು ಹೊರಟುಹೋಗಬೇಕು. ಆ ಗುದ್ದಲಿಯನ್ನು ಕಿತ್ತವನಿಗೆ ಜಮೀನೂ ಸೇರಿತು, ಒಡ್ಡಿನ ಹೊಣೆಯೂ ಸೇರಿತು. ಪತ್ರವಿಲ್ಲ, ವಕೀಲರಿಲ್ಲ. ಕ್ರೂರ ಕಾನೂನು ಅನ್ನಿಸಬಹುದು. ಆದರೆ ಒಬ್ಬನ ಸೋಮಾರಿತನಕ್ಕೆ ಇಡೀ ಊರು ಮುಳುಗುವ ಕಡೆ ಬೇರೆ ಯಾವ ಕಾನೂನು ನಿಂತೀತು?

ಒಡ್ಡು ಹೊರಗಿನ ನೀರನ್ನು ತಡೆಯಿತು, ಒಳಗೆ ಸುರಿದ ಮಳೆಯನ್ನು ಎತ್ತಿ ಹಾಕುವವರು ಯಾರು? 15ನೇ ಶತಮಾನದ ಆರಂಭದಿಂದ ಆ ಕೆಲಸಕ್ಕೆ ಗಾಳಿಗಿರಣಿ ಬಂತು. ನೀರೆತ್ತುವ ಚಕ್ರವಿದ್ದ ಒಂದು ಗಿರಣಿ ಸುಮಾರು ಒಂದೂವರೆ ಮೀಟರ್ ಎತ್ತರಕ್ಕಷ್ಟೇ ನೀರನ್ನು ಏರಿಸಬಲ್ಲದು. ಹಾಗಾಗಿ ಆಳದ ಜಾಗಗಳಲ್ಲಿ ಒಂದು ಎತ್ತಿದ್ದನ್ನು ಇನ್ನೊಂದು ಎತ್ತುವಂತೆ ಗಿರಣಿಗಳನ್ನು ಸಾಲಾಗಿ ನಿಲ್ಲಿಸಿದರು. 1635ರಲ್ಲಿ ಸ್ಖೆರ್ಮರ್ ಸರೋವರವನ್ನು ಬತ್ತಿಸಿದ್ದು ಹೀಗೆಯೇ, 52 ಗಿರಣಿಗಳಿಂದ. ಆ ಕಾಲದ ಹೆಸರಾಂತ ಗಿರಣಿ ಕಟ್ಟುಗ ಯಾನ್ ಲೇಖ್‌ವಾಟರ್ ಅಷ್ಟಕ್ಕೇ ಸುಮ್ಮನಾಗದೆ, 160 ಗಿರಣಿ ಹೂಡಿದರೆ ಹಾರ್ಲೆಮ್ಮರ್‌ಮೇರ್ ಸರೋವರವನ್ನೂ ಬರಿದು ಮಾಡಬಹುದೆಂದು ಲೆಕ್ಕ ಹಾಕಿ ಪುಸ್ತಕವನ್ನೇ ಬರೆದ. ಅದನ್ನು ಕೊನೆಗೆ ಬರಿದು ಮಾಡಿದ್ದು ಉಗಿ ಪಂಪುಗಳು, 1849ರಿಂದ 1852ರ ನಡುವೆ. ಮೂರು ಪಂಪುಗಳಲ್ಲಿ ಒಂದಕ್ಕೆ ಅವನ ಹೆಸರಿಟ್ಟರು. ಸ್ಕಿಪೋಲ್ ಇರುವುದು ಆ ಸರೋವರದಲ್ಲೇ.

ಬೀಸುವ ಗಾಳಿಗೂ ಯಜಮಾನರಿದ್ದರು. ಗಾಳಿಯ ಹಕ್ಕು ಪಾಳೇಗಾರನದು. ಗಿರಣಿ ಹೂಡುವವನು ಅವನಿಗೆ ಕಪ್ಪ ಕೊಡಬೇಕು. ಅದಕ್ಕೆ ಪ್ರತಿಯಾಗಿ ಗಿರಣಿಯ ಆಸುಪಾಸು ಗಾಳಿಗೆ ಅಡ್ಡವಾಗಿ ಯಾರೂ ಎತ್ತರದ ಮನೆ ಕಟ್ಟುವಂತಿಲ್ಲ, ಮರ ಬೆಳೆಸುವಂತಿಲ್ಲ. ಪಾಳೇಗಾರರು ಹೋದರು. ಗಾಳಿಗೆ ಅಡ್ಡ ಬರುವ ಕಟ್ಟಡದ ಜಗಳ ಈಗಲೂ ಮುಗಿದಿಲ್ಲ.

19ನೇ ಶತಮಾನದಲ್ಲಿ ಈ ದೇಶದಲ್ಲಿ ಸುಮಾರು ಹತ್ತು ಸಾವಿರ ಗಾಳಿಗಿರಣಿಗಳಿದ್ದವು. ಉಗಿ, ಡೀಸೆಲ್, ವಿದ್ಯುತ್ ಒಂದರ ಹಿಂದೆ ಒಂದು ಬಂದು ಈಗ ಉಳಿದಿರುವುದು ಸುಮಾರು 1,200. ಕಟ್ಟಡಗಳನ್ನು ಉಳಿಸಲು 1923ರಲ್ಲೇ ಡೆ ಹೊಲಾಂಡ್ಸೆ ಮೋಲೆನ್ ಎಂಬ ಸಂಘ ಹುಟ್ಟಿತ್ತು. ಎರಡನೇ ಮಹಾಯುದ್ಧದಲ್ಲಿ ಇಂಧನ ಸಿಗದಾದಾಗ ಕಿಂಡರ್‌ಡೈಕ್ ಎಂಬ ಊರಿನ ಹಳೆಯ ಗಿರಣಿಗಳೇ ಮತ್ತೆ ತಿರುಗಿ ನೀರೆತ್ತಿದವು. ಯುದ್ಧ ಮುಗಿದ ಮೇಲೆ ಬೇರೆಯದೇ ತೊಂದರೆ ಎದುರಾಯಿತು. ಗಿರಣಿ ಇತ್ತು, ನಡೆಸಬಲ್ಲ ಮುದುಕರು ಒಬ್ಬೊಬ್ಬರಾಗಿ ತೀರಿಕೊಳ್ಳುತ್ತಿದ್ದರು. ನಿಂತ ಗಿರಣಿಯ ಮರ ಬೇಗ ಹಾಳಾಗುತ್ತದೆ. 1972ರಲ್ಲಿ ಸ್ವಯಂಸೇವಕ ಗಿರಣಿಗಾರರ ಗಿಲ್ಡ್ ಹುಟ್ಟಿದ್ದು ಈ ಆತಂಕದಿಂದ. ಗುಮಾಸ್ತರು, ಮೇಷ್ಟ್ರುಗಳು, ಇಂಜಿನಿಯರುಗಳು ರಜೆಯ ದಿನ ಬಂದು ಸಂಬಳವಿಲ್ಲದೆ ಕಲಿಯತೊಡಗಿದರು. ನನ್ನ ಮಟ್ಟಿಗೆ, ಸ್ಮಾರಕಕ್ಕೆ ಬೇಲಿ ಹಾಕಿ ಟಿಕೆಟ್ ಹರಿಯುವವರಿಗಿಂತ ಇವರು ಮಾಡಿದ್ದು ದೊಡ್ಡ ಕೆಲಸ.

ಕಲಿಕೆ ಸುಲಭದ್ದಲ್ಲ. ಕನಿಷ್ಠ 150 ಗಂಟೆ ಗಿರಣಿಯಲ್ಲೇ ಕಳೆಯಬೇಕು, ಅದೂ ಎಲ್ಲ ಋತುಗಳಲ್ಲಿ, ಆಮೇಲೆ ಪರೀಕ್ಷೆ. ಗಿರಣಿಗಾರ ಬೆಳಿಗ್ಗೆ ಮೊದಲು ನೋಡುವುದು ಆಕಾಶವನ್ನು. ಗಾಳಿ ಯಾವ ಕಡೆಯಿಂದ, ಮೋಡ ಎಂಥದು, ಮಧ್ಯಾಹ್ನ ದಿಕ್ಕು ತಿರುಗೀತೇ. ಬಳಿಕ ಗಿರಣಿಯ ಹಿಂಭಾಗದ ರಾಟೆ ತಿರುಗಿಸಿ ಅದರ ತಲೆಯನ್ನು ಗಾಳಿಗೆ ಎದುರು ನಿಲ್ಲಿಸುತ್ತಾನೆ. ಒಂದೊಂದೇ ರೆಕ್ಕೆಯನ್ನು ಕೆಳಗೆ ತಂದು, ಏಣಿಯಂತಿರುವ ಅದರ ಚೌಕಟ್ಟನ್ನು ಹತ್ತಿ ಬಟ್ಟೆ ಬಿಚ್ಚುತ್ತಾನೆ. ಗಾಳಿ ಜೋರಿದ್ದರೆ ಅರ್ಧ ಬಟ್ಟೆ, ಇನ್ನೂ ಜೋರಿದ್ದರೆ ಬರಿ ಚೌಕಟ್ಟು. ವೇಗವನ್ನು ಸುತ್ತುಗಳಲ್ಲಿ ಎಣಿಸುವುದಿಲ್ಲ, ನಿಮಿಷಕ್ಕೆ ಎಷ್ಟು ರೆಕ್ಕೆ ಕಣ್ಣೆದುರು ಹಾದುಹೋಯಿತು ಎಂದು ಎಣಿಸುತ್ತಾರೆ. ಎಲ್ಲಕ್ಕಿಂತ ಭಯದ್ದು ಬಿರುಗಾಳಿಯಲ್ಲಿ ಬ್ರೇಕ್ ಹಿಡಿಯುವುದು: ಮರಕ್ಕೆ ಮರ ಉಜ್ಜಿ ಕಿಡಿ ಹಾರಿ ಗಿರಣಿಗಳೇ ಸುಟ್ಟುಹೋಗಿವೆ. ಕೆಲಸ ಮುಗಿದ ಮೇಲೆ ರೆಕ್ಕೆಗೆ ಸಿಡಿಲಿನ ತಂತಿ ಸಿಕ್ಕಿಸದೆ ಯಾರೂ ಮನೆಗೆ ಹೋಗುವುದಿಲ್ಲ.

ನಿಲ್ಲಿಸಿದ ರೆಕ್ಕೆಗಳೂ ಊರಿಗೆ ಸುದ್ದಿ ಹೇಳುತ್ತವೆ. ರೂಢಿ ಕಡೆಯಿಂದ ಕಡೆಗೆ ಬೇರೆಯಾದರೂ, ಸಾಮಾನ್ಯವಾಗಿ ರೆಕ್ಕೆ ತುದಿಗೇರುವ ಸ್ವಲ್ಪ ಮುಂಚೆ ನಿಂತರೆ ಸಂತೋಷ, ತುದಿ ದಾಟಿ ನಿಂತರೆ ಸೂತಕ. 2014ರ ಜುಲೈಯಲ್ಲಿ ದುರಂತಕ್ಕೀಡಾದ ಎಂಎಚ್17 ವಿಮಾನದ ಮೃತರಿಗಾಗಿ ದೇಶದ ಗಿರಣಿಗಳು ಸೂತಕದ ಭಂಗಿಯಲ್ಲಿ ನಿಂತಿದ್ದವು. ಗಿರಣಿಗಾರರ ಈ ಕಸುಬನ್ನು ಯುನೆಸ್ಕೋ 2017ರಲ್ಲಿ ತನ್ನ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು.

ಇತ್ತ ಸಾವಿರಾರು ಸಂಖ್ಯೆಯಲ್ಲಿದ್ದ ವಾಟರ್‌ಸ್ಖಾಪ್‌ಗಳು ಒಂದರೊಳಗೊಂದು ಸೇರಿ ಈಗ 21 ಆಗಿವೆ. 1,836 ಜನ ಸತ್ತ 1953ರ ಪ್ರವಾಹದ ನಂತರ ಈ ವಿಲೀನಕ್ಕೆ ವೇಗ ಬಂತು. ನಾಲ್ಕು ವರ್ಷಕ್ಕೊಮ್ಮೆ ಚುನಾವಣೆ ನಡೆಯುತ್ತದೆ. ನಮ್ಮವರಲ್ಲಿ ಅನೇಕರಿಗೆ ಗೊತ್ತಿಲ್ಲದ ಮಾತು: ಸಂಸತ್ತಿಗೆ ಮತ ಹಾಕಲು ಡಚ್ ಪೌರತ್ವ ಬೇಕು, ಇದಕ್ಕೆ ಬೇಡ. 18 ತುಂಬಿ, ಕಾನೂನು ಪ್ರಕಾರ ಆ ಪ್ರದೇಶದಲ್ಲಿ ವಾಸವಿದ್ದರೆ ಸಾಕು. ಬಿಲ್ಲು ಕಟ್ಟಿ ಗೊಣಗುವವರು ಮತಗಟ್ಟೆಗೂ ಹೋಗಿಬರಬಹುದು.

ಮೇ ತಿಂಗಳ ಎರಡನೇ ವಾರಾಂತ್ಯ ರಾಷ್ಟ್ರೀಯ ಗಿರಣಿ ದಿನ. ಬೇರೆ ದಿನಗಳಲ್ಲೂ ಗಿರಣಿಯ ಮೇಲೆ ನೀಲಿ ಪತಾಕೆ ಹಾರುತ್ತಿದ್ದರೆ ಒಳಗೆ ಹೋಗಲು ಅಡ್ಡಿಯಿಲ್ಲ. ಏಣಿ ಕಡಿದಾಗಿರುತ್ತದೆ; ಇಳಿಯುವಾಗ ಮುಖ ಏಣಿಯ ಕಡೆಗಿರಲಿ, ಮಕ್ಕಳ ಕೈ ಬಿಡಬೇಡಿ. ಹಿಟ್ಟಿನ ಗಿರಣಿಯಾದರೆ ಗೋಧಿ ಹಿಟ್ಟು ಮಾರುವುದುಂಟು. ಚಪಾತಿಗೆ ತರಿ ಅನ್ನಿಸಿದರೆ ಒಮ್ಮೆ ಜರಡಿ ಹಿಡಿದುಕೊಳ್ಳಿ.