ಹಳೇ ಬೋರ್ಡ್, ಹೊಸ ಪ್ರೊಸೆಸರ್: 16 ಎಂಬಿ ಜಗಳದ ಕಥೆ

ಪಿಸಿ ಸ್ಲೋ ಆಗಿದೆ, ಕೈಲಿ ದುಡ್ಡು ಕಮ್ಮಿ. ಪ್ರೊಸೆಸರ್ ಒಂದನ್ನೇ ಬದಲಾಯಿಸಿದ್ರೆ ಸಾಕಾ, ಮದರ್‌ಬೋರ್ಡೂ ಹೋಗ್ಬೇಕಾ? ಬೋರ್ಡ್ ಹೋದ್ರೆ ಎಷ್ಟೋ ಸಲ ಅದರ ಹಿಂದೆ ರ‍್ಯಾಮೂ ಹೋಗುತ್ತೆ. ಇದರ ಉತ್ತರ ಬಹುಪಾಲು ಕಂಪನಿಗಳ ಕೈಲಿರುತ್ತೆ. ಆದ್ರೆ 2020ರಲ್ಲಿ ಬಳಕೆದಾರರು ಗಲಾಟೆ ಮಾಡಿ ಉತ್ತರ ಬದಲಾಯಿಸಿದ್ರು.

ಮೊದಲು 2017. ಇಂಟೆಲ್ ಎಂಟನೇ ತಲೆಮಾರಿನ ಡೆಸ್ಕ್‌ಟಾಪ್ ಪ್ರೊಸೆಸರ್ ತಂತು. ಸಾಕೆಟ್ ಹಳೇದೇ, ಎಲ್‌ಜಿಎ 1151. ಚಿಪ್ ಸರಿಯಾಗಿ ಕೂರುತ್ತೆ, ಆದ್ರೆ ಹಳೇ 100, 200 ಸರಣಿ ಬೋರ್ಡುಗಳಲ್ಲಿ ಓಡಲ್ಲ! ಹೊಸ ಚಿಪ್ಪಿಗೆ ಬೇಕಾದಷ್ಟು ಕರೆಂಟ್ ಅವು ಕೊಡಲ್ಲ ಅನ್ನೋದು ಕಂಪನಿಯ ಕಾರಣ. ಆಮೇಲೆ ಹವ್ಯಾಸಿಗಳು ಬಯಾಸ್ ತಿದ್ದಿ, ಪಿನ್ನುಗಳ ಮೇಲೆ ಟೇಪ್ ಹಚ್ಚಿ ಓಡಿಸಿಯೇ ಬಿಟ್ರು.

ಅದೇ ವರ್ಷ ಎಎಂಡಿ ರೈಜನ್ ಬಂತು, ಎಎಂ4 ಸಾಕೆಟ್ ಜೊತೆ. 2020ರವರೆಗೆ ಇದೇ ಸಾಕೆಟ್ ಅಂತ ಮಾತು ಕೊಟ್ಟಿದ್ರು. ಅದನ್ನ ನಂಬಿ ಎಷ್ಟೋ ಜನ ಬಿ450 ಬೋರ್ಡ್ ತಗೊಂಡ್ರು: ಈಗ ಅಗ್ಗದ ಚಿಪ್, ದುಡ್ಡಾದಾಗ ದೊಡ್ಡದು.

2020ರ ಮೇನಲ್ಲಿ ಎಎಂಡಿ ಹೇಳ್ತು: ಮುಂದೆ ಬರೋ ಜೆನ್ 3 ಪ್ರೊಸೆಸರ್ 500 ಸರಣಿ ಬೋರ್ಡಿಗೆ ಮಾತ್ರ. ಕಾರಣ, ಹಳೇ ಬೋರ್ಡುಗಳಲ್ಲಿ ಹೆಚ್ಚಿನವುಗಳ ಬಯಾಸ್ ಚಿಪ್‌ನಲ್ಲಿ ಇರೋದು ಬರೀ 16 ಎಂಬಿ ಜಾಗ. ಒಂದೇ ಸಾಕೆಟ್‌ಗೆ ಇಷ್ಟೊಂದು ಪ್ರೊಸೆಸರ್ ಬಂದ್ರೆ ಎಲ್ಲದರ ಕೋಡ್ ಅದರಲ್ಲಿ ಹಿಡಿಯಲ್ಲ. ಇದು ಪೂರ್ತಿ ನೆಪ ಅಲ್ಲ. 2019ರಲ್ಲೇ ಎಂಎಸ್‌ಐ ಕೆಲವು ಬೋರ್ಡುಗಳಲ್ಲಿ ಜಾಗ ಉಳಿಸೋಕೆ ಬಯಾಸ್‌ನ ಚೆಂದದ ಮೆನು ತೆಗೆದು ಸಾದಾ ಮೆನು ಹಾಕಿತ್ತು, 32 ಎಂಬಿಯ 'ಮ್ಯಾಕ್ಸ್' ಬೋರ್ಡುಗಳನ್ನೂ ತಂದಿತ್ತು. ಆದ್ರೂ ಕೊಟ್ಟ ಮಾತು ಮಾತೇ ಅಲ್ವಾ? ಜನ ರೇಗಿದ್ರು. ಎರಡು ವಾರದೊಳಗೆ ಎಎಂಡಿ ತಿರುಗಿ ಬಂತು: ಬಿ450, ಎಕ್ಸ್470ಗೆ ಬೀಟಾ ಬಯಾಸ್ ಕೊಡ್ತೀವಿ, ಆದ್ರೆ ಜಾಗಕ್ಕಾಗಿ ಹಳೇ ಚಿಪ್‌ಗಳ ಬೆಂಬಲ ಹೋಗಬಹುದು. 2022ರಲ್ಲಿ 300 ಸರಣಿಗೂ ಅವಕಾಶ ಸಿಕ್ತು. 2017ರ ಬಿ350 ಬೋರ್ಡ್ ಮೇಲೆ 2022ರ 5800ಎಕ್ಸ್3ಡಿ!

ನಿಮ್ಮ ಮನೇಲಿ ಎಎಂ4 ಬೋರ್ಡ್ ಇದ್ರೆ ಎಸ್.ಪಿ. ರೋಡಿಗೆ ಓಡೋ ಮುಂಚೆ ಬೋರ್ಡ್ ಕಂಪನಿಯ ವೆಬ್‌ಸೈಟಲ್ಲಿ ಸಿಪಿಯು ಪಟ್ಟಿ ನೋಡಿ. ಯಾವ ಚಿಪ್ಪಿಗೆ ಯಾವ ಬಯಾಸ್ ಬೇಕು ಅಂತ ಅಲ್ಲೇ ಇರುತ್ತೆ. ಹಳೇ ಪ್ರೊಸೆಸರ್ ಬೋರ್ಡಲ್ಲಿ ಇರುವಾಗಲೇ ಬಯಾಸ್ ಅಪ್‌ಡೇಟ್ ಮಾಡ್ಕೊಳ್ಳಿ. ಅದನ್ನ ಮಾರಿ ಆದ್ಮೇಲೆ ನೆನಪಾದ್ರೆ ಹೊಸ ಚಿಪ್ ಕೂರಿಸಿದ್ರೂ ಸ್ಕ್ರೀನ್ ಕಪ್ಪಗೇ ಇರಬಹುದು.

ಮುಂದಿನ ಭಾಗ: ಹಳೇ ಎಸ್‌ಎಂಪಿಎಸ್.

#ಹಳೇಪಿಸಿಕಥೆ #ಮದರ್‌ಬೋರ್ಡ್