ಬಾಳ್ ಮತ್ತು ಬಾೞ್

ತೆಲಿಗಿಯಲ್ಲಿ ಹಳಗನ್ನಡ ಪಾಠ ಮಾಡುತ್ತಿದ್ದಾಗ ಹುಡುಗನೊಬ್ಬ, "ಬಾಳ್ ಅಂದ್ರ ಕತ್ತಿಯೋ ಬದುಕೋ, ಸರ್?" ಎಂದು ಕೇಳಿದ್ದ. ಎರಡೂ ಹೌದೆಂದುಬಿಟ್ಟೆ. ಅದು ತಪ್ಪುತ್ತರ.

ಕತ್ತಿ ಬಾಳ್, ಬದುಕು ಬಾೞ್. 13ನೆಯ ಶತಮಾನದ ಕೇಶಿರಾಜ ಶಬ್ದಮಣಿದರ್ಪಣದಲ್ಲಿ ೞಕಾರದ ಪದಗಳನ್ನು ಪಟ್ಟಿ ಮಾಡಬೇಕಾಯಿತೆಂದರೆ, ಜನರ ನಾಲಗೆಯಲ್ಲಿ ಅದು ಆಗಲೇ ಳಕಾರದೊಡನೆ ಬೆರೆತಿರಬೇಕು. ರೋಮನ್ ಲಿಪ್ಯಂತರದಲ್ಲಿ ಆ ಭೇದ ಇಂದಿಗೂ ಉಳಿದಿದೆ. 2001ರ ಐಎಸ್‌ಒ 15919 ಮಾನಕದಂತೆ ಳಕಾರಕ್ಕೆ ಎಲ್ ಅಕ್ಷರದ ಕೆಳಗೆ ಚುಕ್ಕೆ, ೞಕಾರಕ್ಕೆ ಗೆರೆ. ತಮಿಳು, ಮಲಯಾಳಗಳಲ್ಲಿ ಜೀವಂತವಾಗಿರುವ ಈ ಧ್ವನಿಗೆ ಧ್ವನಿಶಾಸ್ತ್ರಜ್ಞರು ತಲೆಕೆಳಗಾದ, ಬಾಲವುಳ್ಳ ಆರ್ ಅಕ್ಷರವನ್ನು ಬರೆಯುತ್ತಾರೆ. ಯೂನಿಕೋಡ್‌ನಲ್ಲಿ ಮಾತ್ರ ನಮ್ಮ ೞಕಾರಕ್ಕೆ 'ಎಫ್‌ಎ' ಎಂಬ ತಪ್ಪು ಹೆಸರು ಬಿದ್ದಿದೆ. ಒಮ್ಮೆ ಇಟ್ಟ ಹೆಸರನ್ನು ಅಲ್ಲಿ ಬದಲಿಸುವಂತಿಲ್ಲ!

ಆ ಹುಡುಗನಿಗೆ ಸರಿಯುತ್ತರ ಹೇಳುವ ಮೊದಲೇ ನಾನು ನಿವೃತ್ತನಾದೆ.